ಪುಸ್ತಕಕ್ಕೆ 10, ಪೇಪರಿಗೆ 8

ಅಧ್ಯಾಪಕರ ನೇಮಕ ಮತ್ತು ಬಡ್ತಿಗೆಂದು ಯುಜಿಸಿ 2018ರಲ್ಲಿ ಹೊರಡಿಸಿದ ನಿಯಮಾವಳಿಯಲ್ಲಿ ಒಂದು ಕೋಷ್ಟಕವಿದೆ. ವಿಜ್ಞಾನ ವಿಭಾಗದವರಿಗೆ ಒಂದು ಸಂಶೋಧನಾ ಲೇಖನಕ್ಕೆ 8 ಅಂಕ. ದೇಶದೊಳಗಿನ ಪ್ರಕಾಶಕರು ತಂದ ಪುಸ್ತಕಕ್ಕೆ 10, ಅಂತಾರಾಷ್ಟ್ರೀಯ ಪ್ರಕಾಶಕರಾದರೆ 12. ಇಡೀ ಪುಸ್ತಕವೊಂದನ್ನು ಅನುವಾದ ಮಾಡಿದರೆ 8. ಅಂದರೆ ನಾಲ್ಕು ಪುಟದ ಪೇಪರೂ ನಾನೂರು ಪುಟದ ಅನುವಾದವೂ ಸರಿಸಮ. ಪತ್ರಿಕೆಗೆ ಬರೆದದ್ದಕ್ಕೆ ಕಾಲಮ್ಮೇ ಇಲ್ಲ. ಓದಿದವರಿಗೆ ಏನಾದರೂ ಅರ್ಥವಾಯಿತೇ ಎಂದು ಕೇಳುವ ಕಾಲಮ್ಮಂತೂ ಯಾವ ಕಾಲಕ್ಕೂ ಇರಲಿಲ್ಲ.

ಡಿಗ್ರಿ ಕಾಲೇಜುಗಳಲ್ಲಿ ಗಣಿತ ಪಾಠ ಹೇಳಿಕೊಂಡೇ ನಿವೃತ್ತಿಯ ಅಂಚಿಗೆ ಬಂದವಳು ನಾನು. ನಮ್ಮ ಸ್ಟಾಫ್ ರೂಮುಗಳಲ್ಲಿ ಒಂದು ಕುಹಕ ಚಾಲ್ತಿಯಲ್ಲಿದೆ: ಪೇಪರ್ ಬರೆಯಲಾಗದವರು ಪುಸ್ತಕ ಬರೀತಾರೆ, ಪುಸ್ತಕವೂ ಆಗದವರು ನ್ಯೂಸ್ ಪೇಪರಿಗೆ ಬರೀತಾರೆ. ನಾನೀಗ ಈ ಮೂರನೇ ಮೆಟ್ಟಿಲ ಮೇಲೆ ನಿಂತೇ ಮಾತಾಡುತ್ತಿದ್ದೇನೆ, ಇರಲಿ. ಈ ಕುಹಕಕ್ಕೆ ದೊಡ್ಡವರ ಬೆಂಬಲವೂ ಉಂಟು. ರಾಮಾನುಜನ್ ಅವರನ್ನು ಕೇಂಬ್ರಿಜ್‌ಗೆ ಕರೆಸಿಕೊಂಡ ಜಿ.ಎಚ್. ಹಾರ್ಡಿ 1940ರಲ್ಲಿ ‘ಎ ಮ್ಯಾಥಮೆಟೀಶಿಯನ್ಸ್ ಅಪಾಲಜಿ’ ಎಂಬ ಚಿಕ್ಕ ಪುಸ್ತಕ ಬರೆದರು. ಹೊಸ ಗಣಿತ ಮಾಡುವುದೇ ಗಣಿತಜ್ಞನ ಕೆಲಸ, ಬಿಡಿಸಿ ಹೇಳುವುದೆಲ್ಲ ಎರಡನೇ ದರ್ಜೆಯ ಬುದ್ಧಿಯವರಿಗೆ ಎಂಬುದು ಅದರ ಧಾಟಿ. ಗಣಿತದ ಆಚೆಯ ಜನಕ್ಕೆ ಇವತ್ತು ಹಾರ್ಡಿಯ ಗುರುತು ಸಿಗುವುದು ಬಹುಮಟ್ಟಿಗೆ ಆ ಚಿಕ್ಕ ಪುಸ್ತಕದಿಂದಲೇ ಎಂಬುದು ಬೇರೆ ಮಾತು.

ಈ ಕೋಷ್ಟಕದ ಎದುರಿಗೆ ಇಯಾನ್ ಸ್ಟೀವರ್ಟ್ ಅವರನ್ನು ತಂದು ನಿಲ್ಲಿಸಬೇಕು ಎಂದು ನನಗೆ ಬಹಳ ಸಲ ಅನ್ನಿಸಿದೆ. ಇಂಗ್ಲೆಂಡಿನ ಕಡಲತಡಿಯ ಫೋಕ್‌ಸ್ಟನ್‌ನಲ್ಲಿ 1945ರಲ್ಲಿ ಹುಟ್ಟಿದವರು. ಕೇಂಬ್ರಿಜ್‌ನಲ್ಲಿ ಓದಿ, ವಾರಿಕ್ ವಿಶ್ವವಿದ್ಯಾಲಯದಲ್ಲಿ 1969ರಲ್ಲಿ ಪಿಎಚ್‌.ಡಿ. ಮಾಡಿ, ಅಲ್ಲೇ ಉಳಿದರು. ವಿಷಯ ಲೀ ಆಲ್ಜೀಬ್ರಾ, ಅಂದರೆ ಅಮೂರ್ತ ಬೀಜಗಣಿತದಲ್ಲೂ ಒಳಮನೆ. ವಾರಿಕ್ ಆಗಿನ್ನೂ ಎಳೆಯ ವಿಶ್ವವಿದ್ಯಾಲಯ. ಗಣಿತ ವಿಭಾಗ ಕಟ್ಟಿದವರು ಕ್ರಿಸ್ಟೋಫರ್ ಝೀಮನ್ ಎಂಬ ಟೊಪಾಲಜಿಸ್ಟ್. ಅಲ್ಲಿನ ಹುಡುಗರು ಸೇರಿ 1968ರಲ್ಲಿ ‘ಮ್ಯಾನಿಫೋಲ್ಡ್’ ಎಂಬ ಗಣಿತ ಪತ್ರಿಕೆ ಶುರುಮಾಡಿದರು. ಕಾರ್ಟೂನು, ತರಲೆ, ಗಂಭೀರ ಗಣಿತ ಎಲ್ಲ ಒಟ್ಟೊಟ್ಟಿಗೆ. ಸ್ಟೀವರ್ಟ್ ಅದರ ಮುಂದಾಳುಗಳಲ್ಲಿ ಒಬ್ಬರು. ಸಂಶೋಧನೆ ಮುಗಿಸಿ, ವಯಸ್ಸಾದ ಮೇಲೆ ಹವ್ಯಾಸಕ್ಕೆಂದು ಬರೆಯಲು ಕೂತವರಲ್ಲ ಇವರು. ಎರಡನ್ನೂ ಮೊದಲಿನಿಂದ ಜೊತೆಯಲ್ಲೇ ಹೊತ್ತವರು.

ಅವರ ‘ಗಾಲ್ವಾ ಥಿಯರಿ’ ಬಂದದ್ದು 1973ರಲ್ಲಿ. ಇದು ಪಠ್ಯಪುಸ್ತಕ, ಬಸ್ಸಿನಲ್ಲಿ ಓದುವಂಥದ್ದಲ್ಲ. ಆದರೆ ಅದು ಉತ್ತರಿಸುವ ಪ್ರಶ್ನೆ ಹತ್ತನೇ ತರಗತಿಯವರಿಗೂ ಹೇಳುವಂಥದ್ದು. ವರ್ಗ ಸಮೀಕರಣ ಬಿಡಿಸುವ ಸೂತ್ರ ಎಸ್ಸೆಸ್ಸೆಲ್ಸಿ ಕಟ್ಟಿದವರಿಗೆಲ್ಲ ಗೊತ್ತು. ಮೂರನೇ ಘಾತಕ್ಕೂ ನಾಲ್ಕನೇ ಘಾತಕ್ಕೂ ಅಂಥ ಸೂತ್ರಗಳಿವೆ. ಇಟಲಿಯ ಕಾರ್ಡಾನೋ 1545ರಲ್ಲೇ ಅಚ್ಚು ಹಾಕಿಸಿದ. ಐದನೇ ಘಾತಕ್ಕೆ ಯಾಕೋ ಯಾರಿಗೂ ಸಿಗಲಿಲ್ಲ. ಅಂಥ ಸೂತ್ರ ಇರುವುದಕ್ಕೇ ಸಾಧ್ಯವಿಲ್ಲ ಎಂದು ನಾರ್ವೆಯ ಏಬೆಲ್ 1824ರಲ್ಲಿ ತೋರಿಸಿದ. ಯಾವ ಸಮೀಕರಣ ಜಗ್ಗುತ್ತದೆ, ಯಾವುದು ಜಗ್ಗುವುದಿಲ್ಲ, ಯಾಕೆ ಎಂಬುದರ ಬೇರು ಹಿಡಿದವನು ಫ್ರಾನ್ಸಿನ ಎವರಿಸ್ತ್ ಗಾಲ್ವಾ. 1832ರಲ್ಲಿ ದ್ವಂದ್ವಯುದ್ಧದ ಗುಂಡೇಟಿಗೆ ಸತ್ತಾಗ ಅವನಿಗೆ 20 ವರ್ಷ. ಬರೆದಿಟ್ಟದ್ದು ಅಚ್ಚಾಗಲು ಇನ್ನೂ 14 ವರ್ಷ ಬೇಕಾಯಿತು.

ನಾನು ಎಂ.ಎಸ್ಸಿ. ಓದುವಾಗ ಇದೇ ವಿಷಯ ಒಂದಿಡೀ ಪತ್ರಿಕೆಯಾಗಿತ್ತು. ಫೀಲ್ಡ್ ಎಕ್ಸ್‌ಟೆನ್ಷನ್, ನಾರ್ಮಲ್, ಸೆಪರಬಲ್ ಎಂದು ಒಂದರ ಮೇಲೊಂದು ವ್ಯಾಖ್ಯೆ ಬಂದವು, ಕೊನೆಗೆ ಮುಖ್ಯ ಪ್ರಮೇಯ ಬಂತು, ಪೋರ್ಷನ್ ಮುಗಿಯಿತು. ಈ ಸೈನ್ಯವೆಲ್ಲ ಯಾವ ಕೋಟೆಯ ಮೇಲೆ ಹೊರಟಿತ್ತೋ ಆ ಸಮೀಕರಣ ಒಂದೇ ಒಂದು ಬೋರ್ಡಿನ ಮೇಲೆ ಬರಲಿಲ್ಲ. ಸ್ಟೀವರ್ಟ್ ಅವರ ಪುಸ್ತಕದಲ್ಲಿ ಅದು ಇದೆ. ಎಕ್ಸ್‌ನ ಐದನೇ ಘಾತದಲ್ಲಿ 6 ಎಕ್ಸ್ ಕಳೆಯಿರಿ, 3 ಕೂಡಿಸಿ, ಸೊನ್ನೆಗೆ ಸಮ ಎನ್ನಿ. ಎಕ್ಸ್ ಬದಲು ಮೈನಸ್ 2 ಹಾಕಿದರೆ ಮೈನಸ್ 17 ಬರುತ್ತದೆ, ಮೈನಸ್ 1 ಹಾಕಿದರೆ 8, ಸೊನ್ನೆಗೆ 3, 1ಕ್ಕೆ ಮೈನಸ್ 2, 2ಕ್ಕೆ 23. ಚಿಹ್ನೆ ಮೂರು ಸಲ ಬದಲಾಯಿತು, ಆದ್ದರಿಂದ ಈ ವಕ್ರರೇಖೆ ಅಕ್ಷವನ್ನು ಮೂರು ಕಡೆ ದಾಟುತ್ತದೆ. ಅದಕ್ಕಿಂತ ಹೆಚ್ಚು ದಾಟಲಾರದು ಎಂಬುದಕ್ಕೆ ಪಿಯುಸಿಯ ಕ್ಯಾಲ್ಕ್ಯುಲಸ್ ಸಾಕು. ಉಳಿದ ಎರಡು ಮೂಲಗಳು ಕಾಲ್ಪನಿಕ ಜೋಡಿ. ಸಮೀಕರಣ ಸಣ್ಣ ತುಂಡುಗಳಾಗಿ ಒಡೆಯುವುದಿಲ್ಲ ಎಂಬುದಕ್ಕೂ ಒಂದೇ ಸಾಲಿನ ಕಾರಣವಿದೆ. ಇಷ್ಟಾದರೆ ಆಯಿತು. ಐದು ಅವಿಭಾಜ್ಯ ಸಂಖ್ಯೆಯಾದ್ದರಿಂದ, ಐದು ಮೂಲಗಳನ್ನು ಅದಲು ಬದಲು ಮಾಡುವ 120 ಬಗೆಗಳೂ ಈ ಸಮೀಕರಣದ ಗ್ರೂಪಿನೊಳಕ್ಕೆ, ಅಂದರೆ ಮೂಲಗಳ ನಡುವಿನ ಸಂಬಂಧಗಳನ್ನು ಕೆಡಿಸದ ಅದಲು ಬದಲುಗಳ ಗುಂಪಿನೊಳಕ್ಕೆ, ಬಂದೇ ತೀರಬೇಕು. ಆ 120ರ ಗ್ರೂಪನ್ನು, ವರ್ಗಮೂಲ ಘನಮೂಲ ಅಂತ ಮೂಲ ತೆಗೆಯುತ್ತಾ ಹೋಗುವ ದಾರಿಗೆ ಬೇಕಾದಂತೆ ಹಂತಹಂತವಾಗಿ ಬಿಡಿಸಲು ಬರುವುದಿಲ್ಲ. ಹುಡುಕಿದವರಿಗೆ ಸೂತ್ರ ಸಿಗದೇ ಹೋದದ್ದು ಅವರ ಜಾಣತನ ಸಾಲದೆ ಅಲ್ಲ.

ನನಗೆ ಇದಕ್ಕಿಂತ ಮುಖ್ಯವಾಗಿ ಕಾಣುವುದು ಆಮೇಲೆ ಆದದ್ದು. ಮೊದಲೆರಡು ಆವೃತ್ತಿಗಳಲ್ಲಿ ಸ್ಟೀವರ್ಟ್ ಕೂಡ ಆ ಕಾಲದ ರೂಢಿಯಂತೆ ಸಾಮಾನ್ಯ ಫೀಲ್ಡ್‌ಗಳಿಂದಲೇ ಹೊರಟಿದ್ದರು: ಮೊದಲು ಅಮೂರ್ತ, ಆಮೇಲೆ ಮೂರ್ತ. 2003ರ ಮೂರನೇ ಆವೃತ್ತಿಯಲ್ಲಿ ಆ ಕ್ರಮವನ್ನು ಬುಡಮೇಲು ಮಾಡಿದರು. ಈಗ ಪುಸ್ತಕ ಶುರುವಾಗುವುದು ಸಂಕೀರ್ಣ ಸಂಖ್ಯೆಗಳ ಒಳಗೆ, ಕೈಗೆ ಸಿಗುವ ಬಹುಪದಗಳ ಜೊತೆಗೆ. ಸಾಮಾನ್ಯ ಸಿದ್ಧಾಂತ ಬರುವುದು ಆಮೇಲೆ. ಮೂವತ್ತು ವರ್ಷ ಚೆನ್ನಾಗಿ ಓಡಿದ ಪಠ್ಯವನ್ನು ಬರೆದವರೇ ಹೀಗೆ ಬಿಚ್ಚಿ ಮತ್ತೆ ಹೊಲಿಯುವುದು ನಮ್ಮಲ್ಲಿ ಕಾಣದ ಸಂಗತಿ. ನಮ್ಮಲ್ಲಿ ‘ಪರಿಷ್ಕೃತ ಆವೃತ್ತಿ’ ಅಂದರೆ ಹೊಸ ರಕ್ಷಾಪುಟ, ಕೊನೆಯಲ್ಲಿ ಹಿಂದಿನ ವರ್ಷದ ಪ್ರಶ್ನೆಪತ್ರಿಕೆ. ಆ ಮೂವತ್ತು ವರ್ಷ ಸ್ಟೀವರ್ಟ್ ಏನು ಮಾಡುತ್ತಿದ್ದರು ಎಂದು ನೋಡಿದರೆ, ಸಂಶೋಧನೆಯ ಜೊತೆಗೆ ಗಣಿತ ಓದದ ಜನಕ್ಕೆ ಪುಸ್ತಕದ ಮೇಲೆ ಪುಸ್ತಕ ಬರೆಯುತ್ತಿದ್ದರು. 1991ರಿಂದ ಹತ್ತು ವರ್ಷ ‘ಸೈಂಟಿಫಿಕ್ ಅಮೆರಿಕನ್’ ಪತ್ರಿಕೆಯ ಗಣಿತ ವಿನೋದದ ಅಂಕಣ ನಡೆಸಿದರು. ಎದುರಿಗೆ ಕೂತವನಿಗೆ ಯಾವುದು ಮೊದಲು ಬೇಕು ಎಂಬ ವಿವೇಕ ಆ ಅಂಕಣದಿಂದ ಈ ಪಠ್ಯಕ್ಕೆ ಬಂತು ಎಂಬುದು ನನ್ನ ತರ್ಕ. ಪಾಪ್ಯುಲರ್ ಪುಸ್ತಕಗಳು ಪಾಂಡಿತ್ಯದ ಸಮಯ ತಿಂದವು ಎನ್ನುವವರು ಎರಡನೇ ಮತ್ತು ಮೂರನೇ ಆವೃತ್ತಿಗಳನ್ನು ಅಕ್ಕಪಕ್ಕ ಇಟ್ಟುಕೊಂಡು ನೋಡಬಹುದು.

ಟೊಪಾಲಜಿಗೆ ಬರೋಣ. ಪೆಂಗ್ವಿನ್‌ನವರು 1975ರಲ್ಲಿ ತಂದ ‘ಕಾನ್ಸೆಪ್ಟ್ಸ್ ಆಫ್ ಮಾಡರ್ನ್ ಮ್ಯಾಥಮೆಟಿಕ್ಸ್’ ನನ್ನ ಪ್ರಕಾರ ಸ್ಟೀವರ್ಟ್ ಅವರ ಅತ್ಯುತ್ತಮ ಪುಸ್ತಕ. ಬ್ರಿಟನ್ನಿನ ಶಾಲೆಗಳಿಗೆ ಆಗ ‘ಹೊಸ ಗಣಿತ’ ಬಂದಿತ್ತು. ಮಕ್ಕಳು ಮನೆಗೆ ತಂದ ಹೋಮ್‌ವರ್ಕು ನೋಡಿ ಅಪ್ಪ ಅಮ್ಮಂದಿರು ತಲೆ ಕೆರೆದುಕೊಳ್ಳುತ್ತಿದ್ದರು. ನಮ್ಮ ಹೈಸ್ಕೂಲಿನ ‘ಗಣಗಳು’ ಪಾಠವೂ ಅದೇ ಅಲೆಯಲ್ಲಿ ತೇಲಿ ಬಂದದ್ದು. ಈ ಗಣಗಳು, ಗ್ರೂಪುಗಳು, ಟೊಪಾಲಜಿ ಎಲ್ಲ ಯಾಕೆ ಬೇಕಾದವು, ಒಂದಕ್ಕೊಂದು ಎಲ್ಲಿ ಕೂಡುತ್ತವೆ ಎಂದು ಸೂತ್ರಗಳ ಹಾವಳಿ ಇಲ್ಲದೆ ಹೇಳಿದ ಪುಸ್ತಕ ಅದು. ನಮ್ಮಲ್ಲಿ ಎಂ.ಎಸ್ಸಿ.ಯವರು ಟೊಪಾಲಜಿಗೆ ನೆಚ್ಚಿಕೊಳ್ಳುವುದು ಸಿಮನ್ಸ್ ಅಥವಾ ಮಂಕ್ರೆಸ್ ಪುಸ್ತಕವನ್ನು, ಪರೀಕ್ಷೆಗೆ ಸೀನಿಯರುಗಳ ಜೆರಾಕ್ಸ್ ನೋಟ್ಸನ್ನು. ಸಿಮನ್ಸ್ ಸುಂದರವಾಗಿ ಬರೆದವರೇ. ಆದರೆ ಟೊಪಾಲಜಿ ಅಂದರೆ ಮೊದಲು ಆಕಾರಗಳ ವಿಷಯ ಎಂಬ ಸುಳಿವೇ ಇಲ್ಲದೆ ಓಪನ್ ಸೆಟ್, ಕಾಂಪ್ಯಾಕ್ಟ್ ಎಂದು ಬಾಯಿಪಾಠ ಮಾಡಿ ಪಾಸಾದವರು ನನಗೆ ಎಷ್ಟೋ ಜನ ಗೊತ್ತು.

ಹಿಗ್ಗಿಸಿ, ಕುಗ್ಗಿಸಿ, ತಿರುಚಿ. ಹರಿಯಬೇಡಿ, ಹೊಸದಾಗಿ ಅಂಟಿಸಬೇಡಿ. ಇಷ್ಟೆಲ್ಲ ಆದ ಮೇಲೂ ಯಾವ ಗುಣ ಉಳಿಯುತ್ತದೋ ಅದು ಟೊಪಾಲಜಿಯ ಗುಣ. ಈ ಲೆಕ್ಕದಲ್ಲಿ ರವೆ ಉಂಡೆಯೂ ಚೌಕ ಡಬ್ಬಿಯಂಥ ಘನವೂ ಒಂದೇ, ಕೋಡುಬಳೆ ಬೇರೆ. ಬೇರೆ ಎಂದು ಕಣ್ಣಿಗೆ ಕಾಣುತ್ತದೆ, ಸರಿ. ಎಣಿಸಿ ತೋರಿಸುವುದು ಹೇಗೆ? ಘನಕ್ಕೆ 8 ಮೂಲೆ, 12 ಅಂಚು, 6 ಮುಖ. ಮೂಲೆಯಿಂದ ಅಂಚು ಕಳೆದು ಮುಖ ಕೂಡಿಸಿದರೆ 2. ಆಯ್ಲರ್ ಹದಿನೆಂಟನೇ ಶತಮಾನದಲ್ಲಿ ಹಿಡಿದ ಸಂಬಂಧ ಇದು. ಪಿರಮಿಡ್ಡು, ಪ್ರಿಸ್ಮು ಯಾವುದಕ್ಕೆ ಬೇಕಾದರೂ ಮಾಡಿ ನೋಡಿ, 2 ಬರುತ್ತದೆ. ಕೋಡುಬಳೆಯ ಜಾತಿಗೆ ಸೇರಿದ, ಆದರೆ ಅಂಚುಗಳಿರುವ ವಸ್ತು ಬೇಕು ಎಂದು ನಾನು ಬಿ.ಎಸ್ಸಿ. ತರಗತಿಗೆ ಗಾಜು ತೆಗೆದ ಫೋಟೊ ಕಟ್ಟು ಒಯ್ಯುತ್ತೇನೆ. ಎಣಿಸಿ ಎಂದರೆ ಹುಡುಗರು ಎಣಿಸುತ್ತಾರೆ: ಹೊರಗೂ ಒಳಗೂ ಸೇರಿ ಮೂಲೆ 16, ಅಂಚು 24, ಮುಖ 10. ಹದಿನಾರರಲ್ಲಿ ಇಪ್ಪತ್ತನಾಲ್ಕು ಹೋಗಿ ಹತ್ತು ಕೂಡಿದರೆ ಮತ್ತೆ 2! ‘ಹಂಗಾದ್ರೆ ತೂತಿದ್ರೂ ಒಂದೇ, ಇಲ್ದಿದ್ರೂ ಒಂದೇ ಅಲ್ವಾ ಮೇಡಂ?’ ಎಂದು ಕೇಳುವವರು ಪ್ರತಿ ಬ್ಯಾಚಿನಲ್ಲೂ ಇರುತ್ತಾರೆ.

ಎಡವಟ್ಟು ಇರುವುದು ಮೇಲ್ಮುಖದಲ್ಲಿ. ಅದನ್ನು ಒಂದು ಮುಖ ಎಂದು ಎಣಿಸಿದ್ದಾರೆ, ಆದರೆ ಅದರ ನಟ್ಟನಡುವೆ ದೊಡ್ಡ ತೂತಿದೆ. ಘನದ ಒಂದು ಮುಖದಂತೆ ಅದನ್ನು ಹಿಗ್ಗಿಸಿ ಬಗ್ಗಿಸಿ ಚಪಾತಿ ಮಾಡಲು ಬರುವುದಿಲ್ಲ. ಕಟ್ಟು ಹಾಕುವವನು ನಾಲ್ಕು ಪಟ್ಟಿಗಳನ್ನು ಮೂಲೆಯಲ್ಲಿ ಓರೆಯಾಗಿ ಕೊಯ್ದು ಕೂಡಿಸಿರುತ್ತಾನಲ್ಲ, ಆ ಜೋಡಣೆಯ ಗೆರೆಗಳನ್ನೂ ಅಂಚು ಎಂದು ಹಿಡಿಯಿರಿ ಎನ್ನುತ್ತೇನೆ. ಮೇಲೆ ನಾಲ್ಕು, ಕೆಳಗೆ ನಾಲ್ಕು ಹೆಚ್ಚುತ್ತವೆ. ಮೂಲೆ 16, ಅಂಚು 32, ಮುಖ 16. ಉತ್ತರ ಸೊನ್ನೆ. ಇನ್ನು ಕಟ್ಟನ್ನು ಹೇಗೆ ಬಗ್ಗಿಸಿದರೂ, ಮುಖಗಳನ್ನು ಇನ್ನೂ ಎಷ್ಟು ಚೂರು ಮಾಡಿ ಎಣಿಸಿದರೂ ಸೊನ್ನೆಯೇ. ಎರಡು ತೂತಿನ ವಸ್ತುವಾದರೆ ಮೈನಸ್ 2, ಮೂರಾದರೆ ಮೈನಸ್ 4. ಒಂದು ಸಂಖ್ಯೆ ತೂತುಗಳನ್ನು ಎಣಿಸಿಕೊಡುತ್ತಿದೆ. ಆ ಹುಡುಗರ ತಕರಾರಿಗೆ ವಂಶಾವಳಿಯೂ ಇದೆ. ಸ್ವಿಟ್ಜರ್ಲೆಂಡಿನ ಲುಯಿಲಿಯೆ ಎಂಬ ಗಣಿತಜ್ಞ 1813ರ ಹೊತ್ತಿಗೆ ಇಂಥದೇ ಪ್ರಶ್ನೆ ಎತ್ತಿ ಆಯ್ಲರನ ಸೂತ್ರವನ್ನು ತೂತಿರುವ ವಸ್ತುಗಳಿಗೆ ತಿದ್ದಿದ್ದ. ನನಗೆ ಈ ಪಾಠ ಹೀಗೆ ಮಾಡಬೇಕೆಂದು ಹೊಳೆದದ್ದು ನಮ್ಮ ಸಿಲಬಸ್ಸಿನ ಪಠ್ಯದಿಂದ ಅಲ್ಲ, ಸ್ಟೀವರ್ಟ್ ಅವರ ಆ ಪೆಂಗ್ವಿನ್ ಪುಸ್ತಕದಿಂದ.

ಅವರು ಬರೆದದ್ದೆಲ್ಲ ಬಂಗಾರ ಎನ್ನುತ್ತಿಲ್ಲ. ಕೇಯಾಸ್ ಸಿದ್ಧಾಂತದ ಮೇಲಿನ ‘ಡಸ್ ಗಾಡ್ ಪ್ಲೇ ಡೈಸ್?’ (1989) ಗಟ್ಟಿ ಪುಸ್ತಕ. ಹಳೆಯ ‘ಫ್ಲಾಟ್‌ಲ್ಯಾಂಡ್’ ಕಥೆಯನ್ನು ಮುಂದುವರಿಸಿದ ‘ಫ್ಲಾಟರ್‌ಲ್ಯಾಂಡ್’ (2001) ಶ್ಲೇಷೆಗಳ ಭಾರಕ್ಕೆ ಕುಸಿಯುತ್ತದೆ. ಇಂಗ್ಲಿಷ್ ಮನೆಮಾತಾದವರಿಗೆ ರುಚಿಸಬಹುದು. ಇತ್ತೀಚಿನ ಕೆಲವು ಪುಸ್ತಕಗಳಲ್ಲಿ ಹಳೆಯ ಸರಕೇ ಮತ್ತೆ ಬಂದಿದೆ. ಫ್ರೆಂಚಿನಲ್ಲಿ ಗ್ರೂಪುಗಳ ಮೇಲೆ ಒಂದು ಕಾಮಿಕ್ಸ್ ಮಾಡಿದ್ದಾರೆ, ಕಾದಂಬರಿಕಾರ ಟೆರ್ರಿ ಪ್ರಾಚೆಟ್ ಜೊತೆ ಸೇರಿ ಮಾಂತ್ರಿಕರ ಲೋಕದ ವಿಜ್ಞಾನ ಬರೆದಿದ್ದಾರೆ. 1997ರಲ್ಲಿ ಲಂಡನ್ನಿನ ರಾಯಲ್ ಇನ್‌ಸ್ಟಿಟ್ಯೂಷನ್ನಿನಲ್ಲಿ ಮಕ್ಕಳಿಗಾಗಿ ಕ್ರಿಸ್‌ಮಸ್ ಉಪನ್ಯಾಸ ಕೊಡುವಾಗ ಸಮ್ಮಿತಿಯ ಪಾಠಕ್ಕೆ ಜೀವಂತ ಹುಲಿಯನ್ನೇ ಸಭಾಂಗಣಕ್ಕೆ ತರಿಸಿದ್ದರು. ಇಷ್ಟೆಲ್ಲ ‘ಹುಡುಗಾಟ’ ಆಡಿದವರನ್ನು ರಾಯಲ್ ಸೊಸೈಟಿ 2001ರಲ್ಲಿ ಫೆಲೋ ಆಗಿ ಆರಿಸಿತು. ವಾರಿಕ್ ವಿಶ್ವವಿದ್ಯಾಲಯ ಗಣಿತವನ್ನು ಜನರಿಗೆ ಮುಟ್ಟಿಸಲೆಂದೇ ಒಂದು ಕೇಂದ್ರ ಮಾಡಿ ಅವರನ್ನು ನಿರ್ದೇಶಕರನ್ನಾಗಿಸಿತು. ಬರೆಯುವುದು ಅವರ ಹುದ್ದೆಯ ಕೆಲಸವೇ ಆಯಿತು, ಭಾನುವಾರದ ಕಳ್ಳಕೆಲಸ ಆಗಲಿಲ್ಲ.

ಒಂದು ಸಣ್ಣ ಕೊಂಡಿ ನಮ್ಮ ಬೆಂಗಳೂರಿಗೂ ಇದೆ. ಕ್ಯಾಟಾಸ್ಟ್ರಫಿ ಸಿದ್ಧಾಂತದ ಬಗ್ಗೆ ಸ್ಟೀವರ್ಟ್ 1978ರಲ್ಲಿ ತಂದ ದೊಡ್ಡ ಗ್ರಂಥಕ್ಕೆ ಸಹಲೇಖಕರು ಟಿಮ್ ಪೋಸ್ಟನ್. ಇಬ್ಬರೂ ಸೇರಿ ವೈಜ್ಞಾನಿಕ ಕಾದಂಬರಿಯನ್ನೂ ಬರೆದರು. ಈ ಪೋಸ್ಟನ್ ಆಮೇಲೆ ಬೆಂಗಳೂರಿಗೆ ಬಂದು, ಇಲ್ಲಿನ ರಾಷ್ಟ್ರೀಯ ಉನ್ನತ ಅಧ್ಯಯನ ಸಂಸ್ಥೆಯಲ್ಲಿ ಸಂದರ್ಶಕ ಪ್ರಾಧ್ಯಾಪಕರಾಗಿದ್ದರು, 2017ರಲ್ಲಿ ತೀರಿಕೊಂಡರು. ನಮ್ಮ ಎಷ್ಟು ಗಣಿತ ವಿಭಾಗಗಳು ಅವರನ್ನು ಒಂದು ದಿನದ ಉಪನ್ಯಾಸಕ್ಕೆ ಕರೆದವೋ.

ಜನಪ್ರಿಯ ಗಣಿತ ಬರೆಯಲು ಗಣಿತಜ್ಞನೇ ಆಗಬೇಕೆ ಎಂದು ಕೇಳಬಹುದು. ಸ್ಟೀವರ್ಟ್‌ಗಿಂತ ಮೊದಲು ‘ಸೈಂಟಿಫಿಕ್ ಅಮೆರಿಕನ್’ನಲ್ಲಿ ಇಪ್ಪತ್ತೈದು ವರ್ಷ ಬರೆದ ಮಾರ್ಟಿನ್ ಗಾರ್ಡನರ್ ಓದಿದ್ದು ತತ್ವಶಾಸ್ತ್ರ. ಅವರಂಥ ಅಂಕಣಕಾರ ಮತ್ತೆ ಬರಲಿಲ್ಲ ಎಂದೂ ಒಪ್ಪುತ್ತೇನೆ. ಆದರೆ ಗಾರ್ಡನರ್‌ಗೆ ಸರಕು ಒದಗಿಸಿದವರು ಯಾರು? ಜಾನ್ ಕಾನ್ವೆಯಂಥ ಗಣಿತಜ್ಞರು ಅವರಿಗೆ ಕಾಗದ ಬರೆಯುತ್ತಿದ್ದರು. ಕಾನ್ವೆಯ ‘ಗೇಮ್ ಆಫ್ ಲೈಫ್’ 1970ರಲ್ಲಿ ಜಗತ್ತಿಗೆ ಗೊತ್ತಾದದ್ದು ಆ ಅಂಕಣದಿಂದ. ಕನ್ನಡದಲ್ಲಿ ನಾಳೆ ಒಬ್ಬ ಗಾರ್ಡನರ್ ಹುಟ್ಟಿದರೆ ಅವನಿಗೆ ಕಾಗದ ಬರೆಯುವ ಪ್ರೊಫೆಸರು ಎಲ್ಲಿದ್ದಾರೆ?

ಕನ್ನಡಕ್ಕೆ ಗಣಿತ ಒಗ್ಗುವುದಿಲ್ಲ ಎಂಬ ಮಾತನ್ನು ನಾನು ಒಪ್ಪುವುದಿಲ್ಲ. ಹನ್ನೆರಡನೇ ಶತಮಾನದಲ್ಲೇ ರಾಜಾದಿತ್ಯ ಕನ್ನಡದಲ್ಲಿ ‘ವ್ಯವಹಾರಗಣಿತ’, ‘ಕ್ಷೇತ್ರಗಣಿತ’ ಬರೆದಿದ್ದಾನೆ. ನಮ್ಮ ಕಾಲದಲ್ಲಿ ಜಿ.ಟಿ. ನಾರಾಯಣರಾವ್ ಇದ್ದರು, ಗಣಿತದ ಮೇಷ್ಟ್ರು, ಆದರೆ ಮನಸ್ಸು ನಕ್ಷತ್ರಗಳ ಕಡೆಗೆ. ಎಸ್. ಬಾಲಚಂದ್ರ ರಾವ್ ಅವರು ಭಾರತೀಯ ಗಣಿತ, ಖಗೋಳದ ಚರಿತ್ರೆಯನ್ನು ಕೈಗೆಟುಕುವಂತೆ ಬರೆದರು. ಇವರನ್ನು ಬಿಟ್ಟು ಪುಸ್ತಕದಂಗಡಿಯ ಗಣಿತದ ಕಪಾಟಿಗೆ ಕೈ ಹಾಕಿದರೆ ಸಿಗುವುದು ಮಾಯಾಚೌಕ, ವೇದಗಣಿತ, ಹತ್ತು ಸೆಕೆಂಡಿನಲ್ಲಿ ಗುಣಾಕಾರ, ಇನ್ನೊಂದು ರಾಮಾನುಜನ್ ಚರಿತ್ರೆ. ಬೆಂಗಳೂರಿನ ಶಕುಂತಲಾದೇವಿ 1980ರಲ್ಲಿ ಲಂಡನ್ನಿನಲ್ಲಿ 13 ಅಂಕಿಯ ಎರಡು ಸಂಖ್ಯೆಗಳನ್ನು 28 ಸೆಕೆಂಡಿನಲ್ಲಿ ಗುಣಿಸಿದ್ದು ಅದ್ಭುತವೇ. ಆದರೆ ಗಣಿತ ಅಂದರೆ ಅದೇ ಎಂದು ನಂಬಿ ಬೆಳೆದ ಮಗುವಿಗೆ, ಏಬೆಲ್ ಮತ್ತು ಗಾಲ್ವಾ ಸತ್ತು ಇನ್ನೂರು ವರ್ಷವಾಗುತ್ತಾ ಬಂದರೂ ಅವರು ತೆರೆದ ಬಾಗಿಲು ಎಲ್ಲಿದೆ ಎಂದು ಕನ್ನಡದಲ್ಲಿ ಯಾರೂ ತೋರಿಸಿಲ್ಲ.

ಹಾಗಾದರೆ ಪುಸ್ತಕಕ್ಕೆ 10 ಅಂಕದ ಬದಲು 40 ಕೊಡಿ ಎಂದರೆ ಮುಗಿಯಿತೇ? ಖಂಡಿತ ಇಲ್ಲ. ಆಯ್ಕೆ ಸಮಿತಿಯೊಂದರಲ್ಲಿ ಕೂತು, ಅಭ್ಯರ್ಥಿಗಳು ತಂದ ಪುಸ್ತಕಗಳನ್ನು ತಿರುವಿ ಹಾಕಿದ್ದೇನೆ. ಐಎಸ್‌ಬಿಎನ್ ಇದೆ, ಮುನ್ನುಡಿ ಇದೆ, ಒಳಗೆ ಇಂಟರ್‌ನೆಟ್ಟಿನಿಂದ ಎತ್ತಿದ ಪುಟಗಳು. ಒಂದರಲ್ಲಿ ಚಿತ್ರದ ಕೆಳಗೆ ಮೂಲ ಜಾಲತಾಣದ ಹೆಸರೂ ಅಳಿಸಿರಲಿಲ್ಲ. ಬೆಲೆ ಏರಿಸಿದರೆ ಈ ಬೆಳೆಯೇ ಹುಲುಸಾಗುತ್ತದೆ.

ನಾನು ಕೇಳುವುದು ಅಂಕವನ್ನಲ್ಲ, ಗಂಟೆಯನ್ನು. ಯುಜಿಸಿ ಲೆಕ್ಕದಲ್ಲಿ ಸಹಾಯಕ ಪ್ರಾಧ್ಯಾಪಕರಿಗೆ ವಾರಕ್ಕೆ 16 ಗಂಟೆ ಪಾಠ. ಬರೆಯಬಲ್ಲೆ ಎನ್ನುವವರಿಗೆ ಒಂದು ಸೆಮಿಸ್ಟರಿನ ಮಟ್ಟಿಗೆ ನಾಲ್ಕು ಗಂಟೆ ಬಿಡಿ. ನ್ಯಾಕ್ ಫೈಲು, ಚುನಾವಣೆ ಡ್ಯೂಟಿ, ಸ್ಕ್ವಾಡ್ ಇವುಗಳಿಂದಲೂ ಬಿಡಿ. ಸೆಮಿಸ್ಟರ್ ಮುಗಿದಾಗ ಒಂದೇ ಒಂದು ಅಧ್ಯಾಯ ಕೊಡಲಿ, ಮೂವತ್ತು ಪುಟ. ಅದನ್ನು ಪರಿಣತರ ಸಮಿತಿಗೆ ಕಳಿಸಬೇಡಿ. ಇತಿಹಾಸ ಅಥವಾ ಕನ್ನಡ ವಿಭಾಗದ ಒಬ್ಬರಿಗೆ, ಕನ್ನಡ ಮಾಧ್ಯಮದಿಂದ ಬಂದ ಇಬ್ಬರು ಬಿ.ಎಸ್ಸಿ. ವಿದ್ಯಾರ್ಥಿಗಳಿಗೆ ಓದಲು ಕೊಟ್ಟು, ಆಮೇಲೆ ಬರೆದವರನ್ನು ಅವರ ಎದುರು ಕೂರಿಸಿ. ತಪ್ಪು ಹುಡುಕಲು ಗಣಿತದವರು ಒಬ್ಬರಿದ್ದರೆ ಸಾಕು. ಓದಿದವರು ಪ್ರಶ್ನೆ ಕೇಳಿದರೆ ಮುಂದಿನ ಅಧ್ಯಾಯಕ್ಕೆ ಮತ್ತೆ ನಾಲ್ಕು ಗಂಟೆ. ಆಕಳಿಸಿದರೆ ಹಳೆಯ ಟೈಮ್‌ಟೇಬಲ್ಲು. ಇದಕ್ಕೆ ಸರ್ಕಾರದ ದುಡ್ಡೂ ಬೇಡ, ಹೊಸ ಪ್ರಾಧಿಕಾರವೂ ಬೇಡ. ಪ್ರಿನ್ಸಿಪಾಲರು ಮನಸ್ಸು ಮಾಡಿದರೆ ನಡೆಯುತ್ತದೆ.

ಅನುವಾದದಿಂದ ಶುರುಮಾಡುವುದಾದರೆ ಯಾವುದು ಮೊದಲು ಎಂದು ಕೇಳಿದರೆ ನನ್ನ ಮತ ಆ 1975ರ ಪುಸ್ತಕಕ್ಕೆ. ಇಡಿಯಾಗಿ ಬೇಡ. ಕಂಪ್ಯೂಟರಿನ ಅಧ್ಯಾಯ ಹಳಸಿದೆ, ಬಿಟ್ಟುಬಿಡಬಹುದು. ಗ್ರೂಪುಗಳ ಅಧ್ಯಾಯಕ್ಕೆ ನಮ್ಮ ರಂಗೋಲಿಯ ಚಿತ್ರಗಳನ್ನು ಸೇರಿಸಿಕೊಳ್ಳಬೇಕು. ಟೊಪಾಲಜಿಯ ಅಧ್ಯಾಯಗಳು ಒಂದು ಸಾಲನ್ನೂ ಕಡಿಯದೆ ಬರಲಿ.